ಈರ್ಯನ ಕನಸು, ನ್ಯೂಸ್‌ರೀಲಿನ ದನಿ

ರಾಯಚೂರು ಜಿಲ್ಲೆಯ ಕಥೆಗಾರ ಅಮರೇಶ ನುಗಡೋಣಿಯವರ ‘ಸವಾರಿ’ ಕಥೆಯನ್ನು ಓದದವರೂ ಅದನ್ನು ಆಧರಿಸಿ ಗಿರೀಶ ಕಾಸರವಳ್ಳಿಯವರು ಮಾಡಿದ ‘ಕನಸೆಂಬೋ ಕುದುರೆಯನೇರಿ’ ಸಿನಿಮಾವನ್ನು ನೋಡಿರಬಹುದು. ಊರಲ್ಲಿ ಯಾರಾದರೂ ಸತ್ತರೆ ಕುಣಿ ತೋಡುವುದು ಈರ್ಯನ ಕೆಲಸ. ಸಾವು ಬರುವಾಗ ಅವನ ಕನಸಿನಲ್ಲಿ ಸಿದ್ಧ ಕಾಣಿಸಿಕೊಳ್ಳುತ್ತಾನೆ. ಆ ಕನಸು ಸುಳ್ಳಾದದ್ದಿಲ್ಲ. ಒಮ್ಮೆ ಹಾಗೆ ಕನಸು ಬಿದ್ದು ಎದ್ದವನು ಗೌಡರ ವಾಡೆಗೆ ಹೋದರೆ, ಯಾರೂ ಸತ್ತಿಲ್ಲ, ಹೋಗು ಅನ್ನುತ್ತಾರೆ. ಈರ್ಯ ಕುಸಿದುಹೋಗುತ್ತಾನೆ. ಹೊಟ್ಟೆಗೆ ಕೂಳು ತಪ್ಪಿದ ಸಂಕಟಕ್ಕಿಂತ ಕನಸು ಕೈಕೊಟ್ಟ ಸಂಕಟ ದೊಡ್ಡದು. ನೋಡುತ್ತ ಕೂತ ನಾವೂ ಅಷ್ಟು ಹೊತ್ತಿಗೆ ಒಳಗೊಳಗೇ ತೀರ್ಮಾನಿಸಿರುತ್ತೇವೆ: ಪಾಪ, ಮುಗ್ಧ, ಮೂಢನಂಬಿಕೆ. ಆಮೇಲೆ ಸಿನಿಮಾ ಅದೇ ಸಂಗತಿಯನ್ನು ಇನ್ನೊಂದು ದಿಕ್ಕಿನಿಂದ ತೋರಿಸುತ್ತದೆ. ಗೌಡರು ಸತ್ತದ್ದು ನಿಜ. ವಾಡೆಯವರು ತಮ್ಮ ಅನುಕೂಲಕ್ಕೆ ಸಾವನ್ನು ಮುಚ್ಚಿಟ್ಟಿದ್ದಾರೆ.

57ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಇದು ಅತ್ಯುತ್ತಮ ಕನ್ನಡ ಚಿತ್ರವಾಯಿತು. ಕಾಸರವಳ್ಳಿ ಮತ್ತು ಗೋಪಾಲಕೃಷ್ಣ ಪೈ ಅವರ ಚಿತ್ರಕಥೆಗೂ ಪ್ರಶಸ್ತಿ ಬಂತು. ಪ್ರಶಸ್ತಿಗಿಂತ ನನಗೆ ಮುಖ್ಯವಾಗಿ ಕಂಡದ್ದು ಅದು ಪ್ರೇಕ್ಷಕನ ಮೇಲೆ ಹೂಡಿದ ಹೂಟ. ನಂಬಲಾಗದ ಕಣ್ಣು, ನಂಬಲಾಗದ ನೆನಪು ಎಂದು ಸಿನಿಮಾದವರು ಬಹಳ ಕಾಲದಿಂದ ಮಾತಾಡುತ್ತ ಬಂದಿದ್ದಾರೆ. ಪ್ರಾಯೋಗಿಕ ಕಿರುಚಿತ್ರಗಳಿಗಂತೂ ಇದು ತವರುಮನೆಯ ವಿಷಯ. ಆದರೆ ಯಾರ ಕಣ್ಣನ್ನು ನಂಬಬಾರದು, ಹಾಗೆಂದು ತೀರ್ಪು ಕೊಡುವವರು ಯಾರು ಎಂಬ ಪ್ರಶ್ನೆಯನ್ನು ಅವರಲ್ಲಿ ಎಷ್ಟು ಜನ ಕೇಳಿದರು? ಅದನ್ನು ಹುಡುಕಲು ಸ್ವಲ್ಪ ಹಿಂದೆ ಹೋಗಬೇಕು. ಟೆಂಟು ಸಿನಿಮಾದ ಕಾಲಕ್ಕೆ.

ಸಿಂಧನೂರು, ಮಸ್ಕಿ, ತುರ್ವಿಹಾಳದ ಕಡೆಯವರು ಆಗ ಯಾವ ಟಾಕೀಸಿಗೆ ಹೋಗಿ ಯಾವ ಸಿನಿಮಾಕ್ಕೆ ಟಿಕೀಟು ತೆಗೆದರೂ ಮೊದಲು ನೋಡಬೇಕಾದದ್ದು ಒಂದೇ: ಸರ್ಕಾರದ ರೀಲು. ಕೇಂದ್ರ ಸರ್ಕಾರ ಫಿಲ್ಮ್ಸ್ ಡಿವಿಷನ್ ಶುರುಮಾಡಿದ್ದು 1948ರಲ್ಲಿ. ಅದರ ವಾರ್ತಾಚಿತ್ರ ಮತ್ತು ಸಾಕ್ಷ್ಯಚಿತ್ರಗಳನ್ನು ಪ್ರತಿ ಆಟಕ್ಕೂ ಮುಂಚೆ ತೋರಿಸುವುದು ಕಡ್ಡಾಯ. ಗರಿಷ್ಠ 2000 ಅಡಿ ಫಿಲ್ಮು, ಅಂದರೆ ಹೆಚ್ಚುಕಡಿಮೆ 20 ನಿಮಿಷ. ತೋರಿಸುವವನು ಮೇಲೆ ಅದಕ್ಕೆ ಬಾಡಿಗೆಯನ್ನೂ ತೆರಬೇಕು. ಬೀಡಿ ಹಚ್ಚುವವರು ಹಚ್ಚುತ್ತಿದ್ದರು, ತಡವಾಗಿ ಬಂದವರು ಕತ್ತಲಲ್ಲಿ ಜಾಗ ಹುಡುಕುತ್ತಿದ್ದರು, ಮಕ್ಕಳು ರಾಜಕುಮಾರ್ ಯಾವಾಗ ಬರುತ್ತಾನೆ ಎಂದು ಪೀಡಿಸುತ್ತಿದ್ದವು. ಪರದೆಯ ಮೇಲೆ ಅಣೆಕಟ್ಟು, ಉಕ್ಕಿನ ಕಾರ್ಖಾನೆ, ಪ್ರವಾಹ, ಮಂತ್ರಿಗಳ ಹಾರ. ಅದೆಲ್ಲದರ ಮೇಲೆ ಒಂದು ದನಿ. ಕನ್ನಡವೂ ಸೇರಿದಂತೆ ಹಲವು ಭಾಷೆಗಳಲ್ಲಿ ಬೇರೆಬೇರೆ ಗಂಟಲುಗಳಿಂದ ಬಂದರೂ ಅದು ಒಂದೇ ದನಿ. ಅದು ತೊದಲುವುದಿಲ್ಲ. ‘ಇರಬಹುದು’ ಅನ್ನುವುದಿಲ್ಲ. ಯಾರನ್ನೂ ಏನನ್ನೂ ಕೇಳುವುದಿಲ್ಲ, ಹೇಳುತ್ತದೆ. ವಾಡೆಯ ದನಿಯಂತೆಯೇ.

ಆ ದನಿಗೂ ಈ ಸೀಮೆಗೂ ಒಂದು ನಂಟಿದೆ. ತುಂಗಭದ್ರಾ ಅಣೆಕಟ್ಟಿಗೆ 1945ರ ಫೆಬ್ರವರಿಯಲ್ಲಿ ಎರಡು ದಡಗಳಲ್ಲಿ ಎರಡು ಸರ್ಕಾರಗಳು ಅಡಿಗಲ್ಲು ಹಾಕಿದವು. ಒಂದು ಕಡೆ ಮದ್ರಾಸು, ಇನ್ನೊಂದು ಕಡೆ ನಿಜಾಮರ ಹೈದರಾಬಾದು. 1953ರಲ್ಲಿ ಕಾಲುವೆಗಳಿಗೆ ನೀರು ಬಿಟ್ಟರು ಎಂಬುದು ದಾಖಲೆ. ದೇಶಕ್ಕೆ ಅದು ಒಂದು ದಿನ. ಆದರೆ ಎಡದಂಡೆ ಕಾಲುವೆಯ ಊರುಗಳಲ್ಲಿ ನೀರು ಬಂದದ್ದು ಯಾವಾಗ ಎಂದು ಕೇಳಿದರೆ ಹತ್ತು ಹಿರಿಯರು ಹತ್ತು ವರ್ಷ ಹೇಳುತ್ತಾರೆ. ಒಬ್ಬರಿಗೆ ಅದು ಅಕ್ಕನ ಮದುವೆಯ ವರ್ಷ, ಇನ್ನೊಬ್ಬರಿಗೆ ಎತ್ತು ಸತ್ತ ವರ್ಷ. ವಯಸ್ಸಾಯಿತು, ನೆನಪು ಕೆಟ್ಟಿದೆ ಎಂದು ನಾವು ತಲೆಯಾಡಿಸುತ್ತೇವೆ. ಆದರೆ ಕಾಲುವೆ 200 ಕಿಲೋಮೀಟರಿಗಿಂತ ಉದ್ದದ್ದು. ನೀರು ಒಂದೇ ದಿನ ಎಲ್ಲರ ಹೊಲಕ್ಕೆ ಹರಿಯಲಿಲ್ಲ. ಮುಖ್ಯ ಕಾಲುವೆ, ಉಪಕಾಲುವೆ, ಹೊಲಗಾಲುವೆ ಎಂದು ತೋಡುತ್ತ ತೋಡುತ್ತ ವರ್ಷಗಳು ಹಿಡಿದವು. ಕೊನೆ ಭಾಗದ ರೈತರು ನೀರಿಗಾಗಿ ಇವತ್ತಿಗೂ ಜಗಳವಾಡುತ್ತಾರೆ. ಹತ್ತು ಜನರೂ ಹೇಳಿದ್ದು ಸರಿಯಿರಬಹುದು. ಒಂದು ದಿನಾಂಕದಲ್ಲಿ ಅಡಕವಾಗದ್ದು ಸರ್ಕಾರಿ ರೀಲಿಗೆ ಒಗ್ಗುವುದಿಲ್ಲ, ಅಷ್ಟೇ.

ಸೋಜಿಗದ ಸಂಗತಿಯೆಂದರೆ, ಆ ದನಿಯನ್ನು ಮೊದಲು ಅನುಮಾನಿಸಿದ್ದು ಅದೇ ಫಿಲ್ಮ್ಸ್ ಡಿವಿಷನ್ನಿನ ಒಳಗಿನವರು. 1960ರ ದಶಕದ ನಡುವಿನಲ್ಲಿ ಜಹಾಂಗೀರ್ ಭೌನಗರಿ ಅಲ್ಲಿ ಮುಖ್ಯ ಸಲಹೆಗಾರರಾಗಿ ಬಂದರು. ಆಗ ಇದ್ದಕ್ಕಿದ್ದಂತೆ ಕೆಲವು ಕಿಟಕಿಗಳು ತೆರೆದುಕೊಂಡವು. ಸ್ವಾತಂತ್ರ್ಯಕ್ಕೆ 20 ವರ್ಷ ತುಂಬಿದ 1967ರಲ್ಲಿ ಎಸ್.ಎನ್.ಎಸ್. ಶಾಸ್ತ್ರಿ ‘ಐ ಆ್ಯಮ್ 20’ ಮಾಡಿದರು. 1947ರಲ್ಲಿ ಹುಟ್ಟಿದ ಹುಡುಗ ಹುಡುಗಿಯರನ್ನು ದೇಶದ ಉದ್ದಗಲದಲ್ಲಿ ಮಾತನಾಡಿಸಿದ ಚಿತ್ರ ಅದು. ಹೊಗಳಿಕೆಯ ರೀಲು ಆಗಬೇಕಾದ ಜಾಗದಲ್ಲಿ ಬೇಸರ, ವ್ಯಂಗ್ಯ, ನಿರ್ಲಕ್ಷ್ಯ, ಆಸೆ ಎಲ್ಲ ಒಟ್ಟಿಗೆ ಬಂದು ಕೂತವು. ಎಲ್ಲವನ್ನೂ ಬಲ್ಲ ಆ ದನಿ ಅಲ್ಲಿ ಇಲ್ಲ. ಮಾರನೆಯ ವರ್ಷ ‘ಆ್ಯಂಡ್ ಐ ಮೇಕ್ ಶಾರ್ಟ್ ಫಿಲ್ಮ್ಸ್’. ಕಿರುಚಿತ್ರ ಮಾಡುವವನು ತಾನು ಮಾಡುತ್ತಿರುವುದಾದರೂ ಏನು ಎಂದು ತನ್ನನ್ನೇ ಹಂಗಿಸಿಕೊಳ್ಳುವ 16 ನಿಮಿಷಗಳ ಚಿತ್ರ. ಅದೇ 1968ರಲ್ಲಿ ಪ್ರಾಗ್‌ನಲ್ಲಿ ಗೊಂಬೆಚಿತ್ರ ಕಲಿತು ಬಂದಿದ್ದ ಪ್ರಮೋದ್ ಪತಿಯವರ ‘ಎಕ್ಸ್‌ಪ್ಲೋರರ್’ ಬಂತು. 7 ನಿಮಿಷಗಳಲ್ಲಿ ಕುಣಿತ, ಪ್ರಯೋಗಾಲಯ, ಪೂಜೆ ಎಲ್ಲವೂ ಕಣ್ಣು ಹಿಡಿಯಲಾರದ ವೇಗದಲ್ಲಿ ಬಂದುಹೋಗುತ್ತವೆ. ಅದು ಮುಗಿದ ಮೇಲೆ ಏನು ನೋಡಿದೆವು ಎಂದು ಇಬ್ಬರು ಕೂತು ಹೇಳಿದರೆ ಎರಡು ಚಿತ್ರಗಳಾಗುತ್ತವೆ.

ಇಷ್ಟಕ್ಕೆ ಶಾಸ್ತ್ರಿಯವರನ್ನು ವೀರರನ್ನಾಗಿ ಮಾಡಿ ಕೂರಿಸುವಂತಿಲ್ಲ. 1975ರಲ್ಲಿ ತುರ್ತುಪರಿಸ್ಥಿತಿ ಬಂದಾಗ ಅದನ್ನು ಸಮರ್ಥಿಸುವ ‘ವಿ ಹ್ಯಾವ್ ಪ್ರಾಮಿಸಸ್ ಟು ಕೀಪ್’ ಮಾಡಿದ್ದೂ ಅವರೇ. ಅದೇ ಚುರುಕು ಕತ್ತರಿ, ಅದೇ ಕೈಚಳಕ. ಅನುಮಾನವನ್ನು ಕಲಿತ ಕೈ ಅದನ್ನು ಪಕ್ಕಕ್ಕಿಟ್ಟು ಕೂಡ ಕೆಲಸ ಮಾಡಬಲ್ಲದು. ಪ್ರಯೋಗಶೀಲತೆ ಎಂಬುದು ಒಂದು ತಂತ್ರ. ತಂತ್ರಕ್ಕೆ ನಿಯತ್ತು ತಾನಾಗಿ ಬರುವುದಿಲ್ಲ. ಪ್ರಾಯೋಗಿಕ ಚಿತ್ರಗಳ ಬಗ್ಗೆ ಬರೆಯುವವರು ಈ ಮಾತನ್ನು ಬೇಗ ದಾಟಿ ಹೋಗುತ್ತಾರೆ.

ಸಿನಿಮಾ ನಮ್ಮ ಕಣ್ಣನ್ನು ಹೇಗೆ ಮೋಸಗೊಳಿಸುತ್ತದೆ ಎಂಬುದು ಹೊರಗಿನ ಲೋಕದಲ್ಲಿ ಇನ್ನೂ ಹಳೆಯ ಚರ್ಚೆ. ರಷ್ಯಾದ ಕುಲೆಶೋವ್ ಮಾಡಿದ ಪ್ರಯೋಗವನ್ನು ಸಿನಿಮಾ ಕಲಿಯುವ ಎಲ್ಲರಿಗೂ ಮೊದಲ ಪಾಠವಾಗಿ ಹೇಳುತ್ತಾರೆ. ನಟನ ಒಂದೇ ಮುಖ. ಪಕ್ಕದಲ್ಲಿ ಊಟದ ತಟ್ಟೆ ಇಟ್ಟರೆ ಹಸಿವು ಕಾಣುತ್ತದೆ, ಶವಪೆಟ್ಟಿಗೆ ಇಟ್ಟರೆ ದುಃಖ ಕಾಣುತ್ತದೆ. ಮುಖ ಮಾತ್ರ ಬದಲಾಗಿಯೇ ಇಲ್ಲ. ತಮಾಷೆ ಏನೆಂದರೆ ಆ ಮೂಲ ಫಿಲ್ಮು ಉಳಿದಿಲ್ಲ. ಕುಲೆಶೋವ್ ಮತ್ತು ಅವರ ಶಿಷ್ಯ ಪುಡೋವ್ಕಿನ್ ಆಮೇಲೆ ಹೇಳಿದ ವಿವರಗಳು ಒಂದಕ್ಕೊಂದು ತಾಳೆಯಾಗುವುದಿಲ್ಲ. ಕಣ್ಣನ್ನು ನಂಬಬೇಡ ಎಂದು ಕಲಿಸುವ ಪ್ರಯೋಗವೇ ಈಗ ಇಬ್ಬರ ನಂಬಲಾಗದ ನೆನಪಿನಲ್ಲಿ ಮಾತ್ರ ಇದೆ.

1943ರಲ್ಲಿ ಮಾಯಾ ಡೆರೆನ್ ಮತ್ತು ಅಲೆಕ್ಸಾಂಡರ್ ಹಮ್ಮಿದ್ ಅಮೆರಿಕದಲ್ಲಿ ಮಾಡಿದ ‘ಮೆಶಸ್ ಆಫ್ ದ ಆಫ್ಟರ್‌ನೂನ್’ 14 ನಿಮಿಷಗಳದ್ದು. ಒಂದು ಮಧ್ಯಾಹ್ನ, ಒಂದು ಕೀಲಿಕೈ, ಒಂದು ಚಾಕು, ಮುಖದ ಜಾಗದಲ್ಲಿ ಕನ್ನಡಿ ಇರುವ ಒಂದು ಆಕೃತಿ. ಆ ಮಧ್ಯಾಹ್ನ ಮತ್ತೆ ಮತ್ತೆ ಸಂಭವಿಸುತ್ತದೆ, ಪ್ರತಿ ಸಲವೂ ಸ್ವಲ್ಪ ಬೇರೆಯಾಗಿ. ಫ್ರಾನ್ಸಿನ ಕ್ರಿಸ್ ಮಾರ್ಕರ್ 1962ರಲ್ಲಿ ಮಾಡಿದ ‘ಲಾ ಜೆತೆ’ ಇನ್ನೂ ಸರಳ. ಸುಮಾರು 28 ನಿಮಿಷಗಳ ಆ ಚಿತ್ರ ಪೂರ್ತಿ ಸ್ಥಿರಚಿತ್ರಗಳಿಂದ ಕಟ್ಟಿದ್ದು. ಒಂದೇ ಒಂದು ಕಡೆ, ಮಲಗಿದ ಹೆಂಗಸು ಕಣ್ಣು ತೆರೆಯುವಾಗ, ಚಿತ್ರ ಚಲಿಸುತ್ತದೆ. ಬಾಲ್ಯದಲ್ಲಿ ವಿಮಾನ ನಿಲ್ದಾಣದಲ್ಲಿ ಕಂಡ ಒಬ್ಬ ಮನುಷ್ಯನ ಸಾವು ಕಥಾನಾಯಕನನ್ನು ಜೀವಮಾನವಿಡೀ ಕಾಡುತ್ತದೆ. ಕೊನೆಗೆ ತಿಳಿಯುವುದು, ಆಗ ಸತ್ತದ್ದು ತಾನೇ ಎಂದು.

ನೆನಪಿನ ವಿಜ್ಞಾನವೂ ಸಿನಿಮಾದ ಬಾಗಿಲಿಗೇ ಬಂತು. 1974ರಲ್ಲಿ ಎಲಿಜಬೆತ್ ಲಾಫ್ಟಸ್ ಮತ್ತು ಜಾನ್ ಪಾಮರ್ 150 ವಿದ್ಯಾರ್ಥಿಗಳಿಗೆ ಕಾರು ಅಪಘಾತದ ಒಂದು ಚಿಕ್ಕ ಚಿತ್ರ ತೋರಿಸಿದರು. 50 ಜನರಿಗೆ, ಕಾರುಗಳು ಅಪ್ಪಳಿಸಿ ಪುಡಿಯಾದಾಗ ವೇಗ ಎಷ್ಟಿತ್ತು ಎಂದು ಕೇಳಿದರು. ಇನ್ನು 50 ಜನರಿಗೆ, ಬರಿದೇ ಗುದ್ದಿದಾಗ ಎಷ್ಟಿತ್ತು ಎಂದು. ಉಳಿದವರಿಗೆ ವೇಗದ ಪ್ರಶ್ನೆಯನ್ನೇ ಕೇಳಲಿಲ್ಲ. ವಾರ ಕಳೆದು ಎಲ್ಲರನ್ನೂ ಕರೆದು, ಒಡೆದ ಗಾಜು ನೋಡಿದಿರಾ ಎಂದರು. ಚಿತ್ರದಲ್ಲಿ ಒಡೆದ ಗಾಜೇ ಇರಲಿಲ್ಲ. ‘ಅಪ್ಪಳಿಸಿ’ ಎಂದು ಕೇಳಿಸಿಕೊಂಡವರಲ್ಲಿ 16 ಜನ ನೋಡಿದ್ದೇವೆ ಅಂದರು, ‘ಗುದ್ದಿ’ ಎಂದು ಕೇಳಿಸಿಕೊಂಡವರಲ್ಲಿ 7, ಏನೂ ಕೇಳಿಸಿಕೊಳ್ಳದವರಲ್ಲಿ 6. ಸಾಕ್ಷಿಗಳನ್ನು ನಂಬಬಾರದು ಎಂಬುದಕ್ಕೆ ಇದನ್ನು ಉದಾಹರಣೆಯಾಗಿ ಕೊಡುತ್ತಾರೆ. ನನಗೆ ಅದರಲ್ಲಿ ಕಾಣುವುದು ಬೇರೆ. ಗಾಜನ್ನು ಒಡೆದದ್ದು ವಿದ್ಯಾರ್ಥಿಯ ನೆನಪಲ್ಲ, ಪ್ರಶ್ನೆ ಕೇಳಿದವರ ಶಬ್ದ. ನ್ಯೂಸ್‌ರೀಲಿನ ದನಿ ವಾರವಾರವೂ ಮಾಡುತ್ತಿದ್ದದ್ದು ಇದನ್ನೇ ಅಲ್ಲವೇ?

ಈಗ ಮತ್ತೆ 1948ಕ್ಕೆ, ನಮ್ಮ ಕಡೆಗೆ. ಫಿಲ್ಮ್ಸ್ ಡಿವಿಷನ್ ಶುರುವಾದ ವರ್ಷವೇ ಹೈದರಾಬಾದ್ ಸಂಸ್ಥಾನ ಭಾರತಕ್ಕೆ ಸೇರಿದ್ದು. ರಜಾಕಾರರ ಹಾವಳಿ, ಊರು ಬಿಟ್ಟವರು, ಗಡಿಯಾಚೆ ಮುಂಡರಗಿಯಂಥ ಕಡೆ ಶಿಬಿರ ಹೂಡಿ ಹೋರಾಡಿದವರು, ಸೆಪ್ಟೆಂಬರಿನ ಪೊಲೀಸ್ ಕಾರ್ಯಾಚರಣೆ. ಕ್ಯಾಮೆರಾಗಳು ಇದ್ದದ್ದು ಹೈದರಾಬಾದಿನಲ್ಲಿ, ಶರಣಾಗತಿಯ ಮುಂದೆ. ಹಳ್ಳಿಗಳಲ್ಲಿ ನಡೆದದ್ದು ಬಾಯಿಂದ ಬಾಯಿಗೆ ಉಳಿಯಿತು.

ಒಬ್ಬ ಅಜ್ಜಿಯನ್ನು ಊಹಿಸಿಕೊಳ್ಳಿ. 1946ರಲ್ಲಿ ಹುಟ್ಟಿದವಳು. ‘ರಜಾಕಾರ್ರು ಬಂದಾಗ ನಮ್ಮವ್ವ ನನ್ನ ಎತ್ಕೊಂಡು ಹಗೇವದಾಗ ಇಳಿದಿದ್ಲು, ಕತ್ತಲಾಗ ಜ್ವಾಳದ ವಾಸನಿ ಇನ್ನೂ ಮೂಗಿನಾಗೈತಿ’ ಅನ್ನುತ್ತಾಳೆ. ಹಗೇವು ಎಂದರೆ ಜೋಳ ತುಂಬಿಡಲು ನೆಲದಲ್ಲಿ ತೋಡಿದ ಗುಂಡಿ. ಲೆಕ್ಕ ಹಾಕಿದರೆ ಆಗ ಆಕೆಗೆ ಎರಡು ವರ್ಷ. ಮೂರು ವರ್ಷಕ್ಕಿಂತ ಮೊದಲಿನದು ದೊಡ್ಡವರಾದ ಮೇಲೆ ನೆನಪಿರುವುದಿಲ್ಲ ಎಂದು ಮನಶ್ಶಾಸ್ತ್ರ ಹೇಳುತ್ತದೆ. ಕಾಳು ತುಂಬಿದ ಹಗೇವಿನಲ್ಲಿ ಉಸಿರೂ ಕಟ್ಟುತ್ತದೆ, ಇಳಿದವರು ಬದುಕುವುದಿಲ್ಲ. ಬರಿದಾದ ಹಗೇವೇ ಇರಬೇಕು. ಹೀಗೆ ಒಂದೊಂದೇ ಎಳೆ ಬಿಚ್ಚುತ್ತ ಹೋದರೆ ಇತಿಹಾಸಕಾರನ ಕೈಯಲ್ಲಿ ಏನೂ ಉಳಿಯುವುದಿಲ್ಲ. ಆದರೆ ಆ ವಾಸನೆ ಯಾರದ್ದು? ಅವ್ವನದ್ದು. ಅವ್ವ ನೂರು ಸಲ ಹೇಳಿದ್ದಾಳೆ, ಮಗಳ ಮೂಗಿಗೆ ಹತ್ತಿದೆ. ಅವ್ವ ಈಗ ಇಲ್ಲ. ಸುಳ್ಳು ನೆನಪು ಎಂದು ಅದನ್ನು ತೆಗೆದುಹಾಕಿದರೆ ಅವ್ವನ ಸಾಕ್ಷಿಯೂ ಹೋದಂತೆ. ಪುಸ್ತಕಕ್ಕೆ ಇಲ್ಲಿ ಅಡಿಟಿಪ್ಪಣಿ ಬೇಕಾಗುತ್ತದೆ. ಕಿರುಚಿತ್ರಕ್ಕೆ ಬೇಕಿಲ್ಲ. ಅದು ಕತ್ತಲನ್ನು ಹಾಗೇ ಇಟ್ಟು, ಅದರ ಮೇಲೆ ಇಬ್ಬರ ದನಿಯನ್ನೂ ಒಂದೇ ಬಾಯಿಂದ ಕೇಳಿಸಬಲ್ಲದು.

ಇದರ ಇನ್ನೊಂದು ಮಗ್ಗುಲು ಕಷ್ಟದ್ದು. ಪೊಲೀಸ್ ಕಾರ್ಯಾಚರಣೆಯ ಸಮಯದಲ್ಲಿ ಮತ್ತು ಆಮೇಲೆ ಸಂಸ್ಥಾನದ ಹಲವು ಜಿಲ್ಲೆಗಳಲ್ಲಿ ಮುಸ್ಲಿಮರ ಮೇಲೆ ಹಿಂಸೆ ನಡೆಯಿತು. ಕಲಬುರಗಿ, ಬೀದರ್ ಜಿಲ್ಲೆಗಳು ಹೆಚ್ಚು ನಲುಗಿದವುಗಳಲ್ಲಿ ಸೇರಿವೆ. ನೆಹರೂ ಸರ್ಕಾರವೇ ಪಂಡಿತ ಸುಂದರಲಾಲರ ಸಮಿತಿಯನ್ನು ಕಳಿಸಿತ್ತು. ಸತ್ತವರು ಕಡಿಮೆಯೆಂದರೂ 27,000ದಿಂದ 40,000 ಎಂದು ಅದು ಅಂದಾಜು ಮಾಡಿತು. ವರದಿ ದಶಕಗಳ ಕಾಲ ಕಪಾಟಿನಲ್ಲಿತ್ತು. ಸಾರ್ವಜನಿಕರು ನೋಡುವಂತಾದದ್ದು 2013ರಲ್ಲಿ. ಅಷ್ಟು ವರ್ಷ ತಮ್ಮ ತಂದೆಯೋ ಅಣ್ಣನೋ ಮನೆಗೆ ಬಾರದ್ದನ್ನು ಹೇಳುತ್ತಿದ್ದವರಿಗೆ ಸಿಕ್ಕ ಉತ್ತರ ಈರ್ಯನಿಗೆ ಸಿಕ್ಕದ್ದೇ: ಯಾರೂ ಸತ್ತಿಲ್ಲ, ಹೋಗು. ಸೆಪ್ಟೆಂಬರ್ 17ರಂದು ವಿಮೋಚನೆಯ ಧ್ವಜ ಏರುತ್ತದೆ, ಏರಬೇಕು ಕೂಡ. ರಜಾಕಾರರಿಂದ ನೊಂದವರ ನೆನಪು ಸುಳ್ಳಲ್ಲ. ಆದರೆ ಒಂದೇ ಹಗೇವಿನ ಕಥೆಯನ್ನು ಎರಡು ಓಣಿಯವರು ಎರಡು ತಿಂಗಳ ಅಂತರದಲ್ಲಿ ಹೇಳಿದರೆ ನಮ್ಮ ಸಾರ್ವಜನಿಕ ನೆನಪಿನಲ್ಲಿ ಒಂದಕ್ಕೆ ಮಾತ್ರ ಜಾಗವಿದೆ. ಒಂದೇ ಸಂಗತಿಯನ್ನು ಎರಡು ಸಲ, ಎರಡು ದಿಕ್ಕಿನಿಂದ ತೋರಿಸುವ ಸಿನಿಮಾ ಬೇಕಾಗುವುದು ಇಲ್ಲಿ. ಚಮತ್ಕಾರಕ್ಕಲ್ಲ.

ಕಲ್ಲಿನ ದಾಖಲೆಯಾದರೂ ನಂಬಬಹುದಲ್ಲ ಎನ್ನುವವರಿಗೆ ಮಸ್ಕಿ ಹತ್ತಿರದಲ್ಲೇ ಇದೆ. ಚಿನ್ನ ಹುಡುಕುತ್ತಿದ್ದ ಬೀಡನ್ ಎಂಬ ಇಂಜಿನಿಯರ್ 1915ರಲ್ಲಿ ಅಲ್ಲಿನ ಶಾಸನವನ್ನು ಕಂಡ. ‘ದೇವಾನಾಂಪ್ರಿಯ’ನೇ ಅಶೋಕ ಎಂದು ಹೆಸರು ಹಿಡಿದು ಹೇಳಿದ ಶಾಸನ ಅಲ್ಲಿ ಸಿಕ್ಕಿತು. ಅಮೂಲ್ಯವಾದದ್ದು, ಸರಿಯೇ. ಆದರೆ ಒಂದು ಬಗೆಯಲ್ಲಿ ಅದೂ ಸರ್ಕಾರಿ ವಾರ್ತಾಚಿತ್ರವೇ. ರಾಜ ಹೇಳಿದ್ದು ಬಂಡೆಯ ಮೇಲಿದೆ. ಮಸ್ಕಿಯ ಜನ ಕೇಳಿಸಿಕೊಂಡು ಏನಂದರೋ ಬಂಡೆಯ ಮೇಲಿಲ್ಲ.

ಕನ್ನಡದವರು ಈ ಕಿರುಚಿತ್ರದ ದಾರಿಯಲ್ಲಿ ಆಗಾಗ ಹೆಜ್ಜೆ ಹಾಕಿದ್ದಾರೆ. ಕಾಸರವಳ್ಳಿಯವರು ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ 1975ರಲ್ಲಿ ಡಿಪ್ಲೊಮಾಕ್ಕಾಗಿ ಮಾಡಿದ ‘ಅವಶೇಷ’ ರಾಷ್ಟ್ರಪ್ರಶಸ್ತಿ ಪಡೆಯಿತು. ಸುಮಾರು ಅರ್ಧ ಶತಮಾನದ ಮೇಲೆ ಅದೇ ಸಂಸ್ಥೆಯಿಂದ, ವೈದ್ಯಕೀಯ ಓದಿ ಸಿನಿಮಾಕ್ಕೆ ಬಂದ ಚಿದಾನಂದ ಎಸ್. ನಾಯ್ಕ್ ತಮ್ಮ ಕೋರ್ಸಿನ ಕೊನೆಗೆ 16 ನಿಮಿಷಗಳ ಕನ್ನಡ ಚಿತ್ರ ಮಾಡಿದರು. ಹೆಸರು ಇಂಗ್ಲಿಷಿನದು, ‘ಸನ್‌ಫ್ಲವರ್ಸ್ ವರ್ ದ ಫಸ್ಟ್ ಒನ್ಸ್ ಟು ನೋ’. 2024ರ ಮೇ ತಿಂಗಳಲ್ಲಿ ಕಾನ್ ಚಿತ್ರೋತ್ಸವದಲ್ಲಿ ಸಿನಿಮಾ ಶಾಲೆಗಳ ಲಾ ಸಿನೆಫ್ ವಿಭಾಗದ ಮೊದಲ ಬಹುಮಾನ ಅದಕ್ಕೆ ಬಂತು. ಕಥೆ ನಮಗೆಲ್ಲ ಗೊತ್ತಿರುವ ಕೋಳಿ ಅಜ್ಜಿಯದು. ನನ್ನ ಹುಂಜ ಕೂಗದಿದ್ದರೆ ಬೆಳಗಾಗುವುದಿಲ್ಲ ಎನ್ನುವ ಅಜ್ಜಿ. ಶಾಲೆಯಲ್ಲಿ ಆ ಕಥೆ ಹೇಳುವುದು ಅಜ್ಜಿಯ ಜಂಬವನ್ನು ನಗಲು. ಈ ಚಿತ್ರದಲ್ಲಿ ಅಜ್ಜಿ ಹುಂಜವನ್ನು ಒಯ್ದದ್ದೇ ತಡ, ಊರಿಗೆ ನಿಜಕ್ಕೂ ಬೆಳಕಾಗುವುದಿಲ್ಲ. ಅಲ್ಲಿಯೂ ಈರ್ಯನ ಪಾಳಿಯೇ. ಎಲ್ಲರೂ ನಕ್ಕವಳ ಮಾತನ್ನು ಸಿನಿಮಾ ನಗದೆ ಕೇಳಿಸಿಕೊಂಡಿದೆ. ಪರದೇಶದವರಿಗೆ ಅದು ಮಾಯಾಲೋಕದಂತೆ ಕಂಡಿರಬಹುದು. ನನಗೆ ಕಂಡದ್ದು ಒಂದು ಊರು ಮುದುಕಿಯೊಬ್ಬಳ ಮಾತಿಗೆ ಹೆದರಿದ ಬಗೆ.

ಫಿಲ್ಮ್ಸ್ ಡಿವಿಷನ್ ಈಗ ಪ್ರತ್ಯೇಕವಾಗಿ ಇಲ್ಲ. 2022ರಲ್ಲಿ ಅದನ್ನು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನಗೊಳಿಸಿದರು. ಆದರೆ ‘ಐ ಆ್ಯಮ್ 20’ ಅಂತರ್ಜಾಲದಲ್ಲಿದೆ, ತುರ್ವಿಹಾಳದ ಬಸ್‌ಸ್ಟ್ಯಾಂಡಿನಲ್ಲಿ ಕೂತ ಹುಡುಗನೂ ಮೊಬೈಲಿನಲ್ಲಿ ನೋಡಬಹುದು. ಆ ಹುಡುಗನ ಕೈಯಲ್ಲಿರುವ ಕ್ಯಾಮೆರಾ ಅಂದಿನ ಶಾಸ್ತ್ರಿಯವರದಕ್ಕಿಂತ ಹಗುರ, ಫಿಲ್ಮಿನ ಖರ್ಚಿಲ್ಲ, ಯಾರ ಅಪ್ಪಣೆಯೂ ಬೇಕಿಲ್ಲ. ಅವನು ಕೇಳಬೇಕಾದವರು ಸುತ್ತಲೂ ಇದ್ದಾರೆ. ಕಾಲುವೆ ನೀರಿನ ಜೊತೆ ಬಂದ ಆಂಧ್ರದ ರೈತರ ಕ್ಯಾಂಪುಗಳು, ಪೂರ್ವ ಪಾಕಿಸ್ತಾನದಿಂದ ಬಂದು ಸಿಂಧನೂರಿನ ಆರ್.ಎಚ್. ಕ್ಯಾಂಪುಗಳಲ್ಲಿ ನೆಲೆಸಿದ ಬಂಗಾಳಿಗಳು, ಗುಳೆ ಹೋಗಿ ಬೆಂಗಳೂರಿನ ಕಟ್ಟಡಗಳ ಕೆಳಗೆ ಬೆಳೆದು ವಾಪಸು ಬಂದ ಅವನದೇ ಓರಗೆಯವರು. ಕ್ಯಾಂಪಿನಲ್ಲಿ ಹುಟ್ಟಿ ಕನ್ನಡ ಶಾಲೆಗೆ ಹೋದ ಮೊಮ್ಮಗಳು ತಾನು ಕಾಣದ ನದಿಯೊಂದನ್ನು ತನ್ನದೆಂದೇ ಹೇಳಿದರೆ ಅವನು ಏನು ಮಾಡುತ್ತಾನೆ?

1947ರಲ್ಲಿ ಹುಟ್ಟಿದವರಿಗೆ ಈಗ 80ರ ಹತ್ತಿರ. ಅವರ ಮುಂದೆ ಕೂತವನು ಇಸವಿ ತಪ್ಪಿದರೆ ತಿದ್ದದಿರಲಿ, ರೆಕಾರ್ಡಿಂಗ್ ನಿಲ್ಲಿಸದಿರಲಿ. ಆ ದಿನ ಒಲೆಯ ಮೇಲೆ ಏನಿತ್ತು, ಯಾರು ಬಾಗಿಲು ಹಾಕಿದರು, ಯಾವ ನಾಯಿ ಬೊಗಳಿತು ಎಂದು ಕೇಳಲಿ. ಆಮೇಲೆ ಪಕ್ಕದ ಓಣಿಗೆ ಹೋಗಿ ಅದೇ ದಿನದ ಬಗ್ಗೆ ಅವನ್ನೇ ಕೇಳಲಿ.